ಮಳಖೇಡದ ದೊರೆ, ಅರಬರ ಬಲ್ಹರಾ



ವಾಡಿ ಜಂಕ್ಷನ್ನಿನಿಂದ ಸಿಕಂದರಾಬಾದಿನ ಕಡೆಗೆ ಹೋಗುವ ರೈಲಿನಲ್ಲಿ ನೀವು ಎಂದಾದರೂ ಕುಳಿತಿದ್ದರೆ, ಚಿತ್ತಾಪುರ ದಾಟಿದ ಮೇಲೆ, ಸೇಡಂ ಬರುವ ಮುನ್ನ, ಮಳಖೇಡ ರೋಡ್ ಎಂಬ ಸಣ್ಣ ನಿಲ್ದಾಣವನ್ನು ನೋಡಿರುತ್ತೀರಿ. ಸಿಮೆಂಟಿನ ಧೂಳು ಮತ್ತು ತೊಗರಿಯ ಹೊಲಗಳ ನಡುವೆ ಅದು ಯಾರ ಗಮನವನ್ನೂ ಸೆಳೆಯುವುದಿಲ್ಲ. ಊರು ಕಾಗಿಣಾ ನದಿಯ ದಡದಲ್ಲಿದೆ. ಕೋಟೆಯ ಗೋಡೆಗಳು ಕುಸಿದಿವೆ. ಆದರೆ ಸಾವಿರದ ನೂರಕ್ಕೂ ಹೆಚ್ಚು ವರ್ಷಗಳ ಹಿಂದೆ ಈ ಊರಿನ ಹೆಸರು ಅರಬ್ ಗ್ರಂಥಕಾರರಿಗೆ ಗೊತ್ತಿತ್ತು. ಅವರು ಇದನ್ನು ಮಾನ್ಕೀರ್ ಎಂದು ಬರೆದರು. ಇಲ್ಲಿಯ ದೊರೆಯನ್ನು ಬಲ್ಹರಾ ಎಂದು ಕರೆದರು.

ಬಿ.ಎ. ತರಗತಿಯಲ್ಲಿ ನನಗೆ ನೃಪತುಂಗನೆಂದರೆ ಕವಿರಾಜಮಾರ್ಗದ ದೊರೆ, ಪರೀಕ್ಷೆಗೆ ಬರುವ ಹೆಸರು. ಬಲ್ಹರಾ ಎಂಬ ಹೆಸರನ್ನು ಕಂಡದ್ದು ಅರಬಿ ಪುಸ್ತಕದಲ್ಲಿ. ಇವರಿಬ್ಬರೂ ಒಬ್ಬರೇ ಎಂದು ತಿಳಿಯಲು ನನಗೆ ಬಹಳ ಕಾಲ ಹಿಡಿಯಿತು. ವಲ್ಲಭರಾಜ ಎಂಬ ರಾಷ್ಟ್ರಕೂಟರ ಬಿರುದು ಜನರ ಬಾಯಲ್ಲಿ ಬಲ್ಲಹ ಎಂದಾಗಿ, ಅರಬರ ಕಿವಿಗೆ ಬಲ್ಹರಾ ಎಂದು ಕೇಳಿಸಿತು. ನಮ್ಮ ಮಕ್ಕಳಿಗೆ ಈ ಸೀಮೆಯಲ್ಲಿ ಮುಸ್ಲಿಮರ ಕಥೆ 1347ರಲ್ಲಿ, ಗುಲ್ಬರ್ಗದ ಬಹಮನಿ ಸುಲ್ತಾನರಿಂದ ಆರಂಭವಾಗುತ್ತದೆಂದು ಕಲಿಸಲಾಗುತ್ತದೆ. ನಾವೂ ಹಾಗೆಯೇ ನಂಬಿಕೊಂಡಿದ್ದೇವೆ. ಅದಕ್ಕೂ ಐನೂರು ವರ್ಷ ಹಿಂದಿನ ಈ ದೊರೆಯ ಜೀವನವನ್ನು ನೀವು ಸ್ವಲ್ಪ ತಾಳ್ಮೆಯಿಂದ ಕೇಳಬೇಕು.

ಕ್ರಿ.ಶ. 800ರ ಸುಮಾರಿಗೆ ಅವನು ಹುಟ್ಟಿದ. ತಂದೆ ಮೂರನೆಯ ಗೋವಿಂದ ಉತ್ತರದ ದಂಡಯಾತ್ರೆ ಮುಗಿಸಿ ಮರಳುವಾಗ ನರ್ಮದಾ ತೀರದ ಬೀಡಿನಲ್ಲಿ ಜನನವಾಯಿತು. ಹುಟ್ಟುಹೆಸರು ಶರ್ವ. 814ರಲ್ಲಿ ತಂದೆ ತೀರಿಕೊಂಡಾಗ ಹದಿಮೂರೋ ಹದಿನಾಲ್ಕೋ ವಯಸ್ಸು. ಅದಕ್ಕೆ ಒಂದು ವರ್ಷ ಹಿಂದಷ್ಟೇ ಬಗ್ದಾದಿನಲ್ಲಿ ಖಲೀಫ ಮಾಮೂನ್ ತನ್ನ ತಮ್ಮ ಅಮೀನನನ್ನು ಸೋಲಿಸಿ ಅಧಿಕಾರ ಹಿಡಿದಿದ್ದ. ತಮ್ಮನ ತಲೆ ಹೋಗಿತ್ತು. ಇಲ್ಲಿಯೂ ಅಂಥದೇ ನಡೆಯಬಹುದಿತ್ತು. ಬಾಲಕನ ರಕ್ಷಣೆಗೆ ನಿಂತವನು ಚಿಕ್ಕಪ್ಪನ ಮಗ, ಗುಜರಾತಿನ ಕರ್ಕ. ನಾಲ್ಕೈದು ವರ್ಷದೊಳಗೆ ಸಾಮಂತರು, ಬಂಧುಗಳು, ಅಧಿಕಾರಿಗಳು ಎಲ್ಲರೂ ದಂಗೆ ಎದ್ದರು. ಹುಡುಗ ಸಿಂಹಾಸನವನ್ನೇ ಕಳೆದುಕೊಂಡ. 821ರ ಹೊತ್ತಿಗೆ ಕರ್ಕನೇ ಅವನನ್ನು ಮತ್ತೆ ಕೂರಿಸಿದ. ಸಿಂಹಾಸನ ಕೈಗೆ ಸಿಕ್ಕಿದ್ದಾಗಲೂ ಅದನ್ನು ತನಗಿಟ್ಟುಕೊಳ್ಳದೆ ಹಿಂದಿರುಗಿಸಿದ ಈ ಕರ್ಕನ ಹೆಸರನ್ನು ನಮ್ಮಲ್ಲಿ ಯಾರೂ ನೆನೆಯುವುದಿಲ್ಲ. ಅಮಾನತ್ತು ಎಂಬ ಮಾತಿನ ಅರ್ಥವನ್ನು ಮಕ್ಕಳಿಗೆ ಹೇಳುವಾಗ ನಾನು ಅವನ ಕಥೆಯನ್ನೂ ಹೇಳುತ್ತೇನೆ.

ಮುಂದೆ ಅದೇ ಕರ್ಕನ ಮಗ ಧ್ರುವನೊಡನೆ ಅಮೋಘವರ್ಷನಿಗೆ ಯುದ್ಧವಾಯಿತು. ಆ ಜಗಳ ವರ್ಷಗಟ್ಟಲೆ ಎಳೆಯಿತು. ವೆಂಗಿಯವರೊಡನೆ ವಿಂಗವಳ್ಳಿಯಲ್ಲಿ ಕಾಳಗ ನಡೆದು ಗೆಲುವು ಇವನದಾಯಿತು. ದಕ್ಷಿಣದಲ್ಲಿ ಗಂಗರು ತಲೆ ಬಾಗಲಿಲ್ಲ. ಅವರ ಮೇಲೆ ಹೋಗಿದ್ದ ದಂಡನಾಯಕ ಬಂಕೇಶ ಗೆಲ್ಲುತ್ತಿರುವಾಗಲೇ ರಾಜಧಾನಿಯ ಕಡೆ ದಂಗೆಯೆದ್ದು, ಅವನನ್ನು ಹಿಂದಕ್ಕೆ ಕರೆಸಬೇಕಾಯಿತು ಎಂದು ಕೊಣ್ಣೂರಿನ ಶಾಸನ ತಿಳಿಸುತ್ತದೆ. ಬಂಕಾಪುರ ಎಂಬ ಊರಿನ ಹೆಸರು ಈ ಬಂಕೇಶನದೇ. ಕೊನೆಗೆ ಅಮೋಘವರ್ಷ ಗಂಗರ ವಿಷಯದಲ್ಲಿ ಕತ್ತಿಯನ್ನು ಬದಿಗಿಟ್ಟು, ಮಗಳು ಚಂದ್ರೊಬ್ಬಲಬ್ಬೆಯನ್ನು ಗಂಗ ರಾಜಕುಮಾರ ಬೂತುಗನಿಗೆ ಕೊಟ್ಟು ಮದುವೆ ಮಾಡಿದ. ತಂದೆ ಗೆದ್ದಷ್ಟು ನೆಲವನ್ನು ಮಗ ಗೆಲ್ಲಲಿಲ್ಲ. ಯುದ್ಧದ ಲೆಕ್ಕದಲ್ಲಿ ನೋಡಿದರೆ ಅವನು ರಾಷ್ಟ್ರಕೂಟರಲ್ಲಿ ದೊಡ್ಡವನಲ್ಲ.

ಅವನ ದೊಡ್ಡತನ ಬೇರೆ ಕಡೆ ಇದೆ. ಮಾನ್ಯಖೇಟವನ್ನು, ಅಂದರೆ ನಮ್ಮ ಮಳಖೇಡವನ್ನು, ಅವನು ರಾಜಧಾನಿಯಾಗಿ ಬೆಳೆಸಿದ. ಆಸ್ಥಾನದಲ್ಲಿ ವಿದ್ವಾಂಸರಿಗೆ ಜಾಗ ಕೊಟ್ಟ. ಜೈನ ಮುನಿ ಜಿನಸೇನರು ಅವನಿಗೆ ಗುರುಸಮಾನರು. ವ್ಯಾಕರಣಕಾರ ಶಾಕಟಾಯನ ತನ್ನ ವೃತ್ತಿಗೆ ದೊರೆಯ ಹೆಸರನ್ನೇ ಇಟ್ಟ. ಮಹಾವೀರಾಚಾರ್ಯ ಗಣಿತಸಾರಸಂಗ್ರಹ ಬರೆದ. ಅದೇ ಕಾಲದಲ್ಲಿ ಬಗ್ದಾದಿನಲ್ಲಿ ಅಲ್ ಖ್ವಾರಿಝ್ಮಿ ಭಾರತದ ಅಂಕಿಗಳ ಬಗ್ಗೆ ಪುಸ್ತಕ ಬರೆದಿದ್ದ; ವಾರಸು ಆಸ್ತಿಯ ಪಾಲು ಹಾಕುವ ಲೆಕ್ಕಗಳನ್ನು ಅಲ್ಜಬ್ರದ ಗ್ರಂಥದಲ್ಲಿ ಸೇರಿಸಿದ್ದ. ಇಮಾಂ ಬುಖಾರಿ (ರ) ಹದೀಸ್ ಸಂಗ್ರಹಕ್ಕಾಗಿ ಊರೂರು ತಿರುಗುತ್ತಿದ್ದುದೂ ಇದೇ ವರ್ಷಗಳಲ್ಲಿ. ಇವರೆಲ್ಲ ಸಮಕಾಲೀನರೆಂದು ಯೋಚಿಸಿದಾಗ ಮಳಖೇಡದ ಕೋಟೆಯ ಕಲ್ಲುಗಳು ಬೇರೆಯೇ ಆಗಿ ಕಾಣುವುದಿಲ್ಲವೇ? ಕನ್ನಡದಲ್ಲಿ ಇಂದು ನಮಗೆ ಉಳಿದಿರುವ ಮೊದಲ ಗ್ರಂಥ ಕವಿರಾಜಮಾರ್ಗ ಸಿದ್ಧವಾದದ್ದು 850ರ ಸುಮಾರಿಗೆ, ಶ್ರೀವಿಜಯ ಎಂಬ ಕವಿಯ ಕೈಯಿಂದ, ಈ ದೊರೆಯ ಸಮ್ಮತಿಯಿಂದ.

851ರಲ್ಲಿ, ಹಿಜರಿ 237ರಲ್ಲಿ, ಅರಬಿಯಲ್ಲಿ ಒಂದು ಪುಸ್ತಕ ಬಂತು. ಅದು ಸುಲೈಮಾನ್ ಎಂಬ ವರ್ತಕನ ಹೆಸರಿನಲ್ಲಿ ಪ್ರಸಿದ್ಧವಾಗಿದೆ. ಹಿಂದ್ ಮತ್ತು ಚೀನಾದ ಸಮಾಚಾರ ಅದರ ವಿಷಯ. ಲೋಕದ ದೊಡ್ಡ ಅರಸರು ನಾಲ್ವರು ಎಂದು ಅದು ಎಣಿಸುತ್ತದೆ: ಮೊದಲು ಅರಬರ ಖಲೀಫ, ನಂತರ ಚೀನಾದ ಚಕ್ರವರ್ತಿ, ನಂತರ ರೂಮಿನ ಚಕ್ರವರ್ತಿ, ನಾಲ್ಕನೆಯವನು ಬಲ್ಹರಾ. ಅವನು ತನ್ನ ಸೈನಿಕರಿಗೆ ಅರಬರ ಹಾಗೆ ಸಂಬಳ ಕೊಡುತ್ತಾನೆ, ಅರಬರ ಮೇಲೆ ಅವನಿಗಿರುವಷ್ಟು ಪ್ರೀತಿ ಹಿಂದ್ ದೇಶದ ಬೇರೆ ಅರಸರಿಗಿಲ್ಲ ಎಂದೂ ಹೇಳುತ್ತದೆ. ಈ ಪ್ರೀತಿಯಿಂದಲೇ ತಮ್ಮ ಅರಸರಿಗೆ ದೀರ್ಘ ಆಯುಷ್ಯ ಬಂತೆಂದು ಅಲ್ಲಿಯ ಜನ ನಂಬುತ್ತಾರಂತೆ. ಈ ಕಡೆಯ ಮಾತು ವರ್ತಕನ ಹೆಮ್ಮೆಯೆಂದು ನನಗೆ ತೋರುತ್ತದೆ. ಆಯುಷ್ಯ ಅಲ್ಲಾಹನ ಕೈಯಲ್ಲಿದೆ. ಅಲ್ಲದೆ, ಕರಾವಳಿಗೆ ಬಂದ ಹಡಗಿನ ವ್ಯಾಪಾರ ಅರಸನ ಬೊಕ್ಕಸವನ್ನೂ ತುಂಬುತ್ತಿತ್ತು. ಅರಬರೊಡನೆ ಹಗೆ ಇದ್ದ ಗೂರ್ಜರ ದೊರೆ ಬಲ್ಹರಾನಿಗೂ ವೈರಿಯಾಗಿದ್ದ. ಪ್ರೀತಿಯೊಡನೆ ಲಾಭವೂ ಇತ್ತು. ಆದರೆ ಲಾಭಕ್ಕಾಗಿಯಾದರೂ ಪರದೇಶದವನಿಗೆ ನ್ಯಾಯ ತಪ್ಪದೆ ಸಿಗುವ ರಾಜ್ಯ ಎಷ್ಟಿದ್ದವು?

ಆ ನಾಲ್ವರಲ್ಲಿ ಉಳಿದ ಮೂವರ ಕಡೆ ನೋಡಿ. ಅಮೋಘವರ್ಷ ಸುಮಾರು 64 ವರ್ಷ ಆಳಿದ. ಅಷ್ಟರಲ್ಲಿ ಖಿಲಾಫತ್ತಿನ ಪೀಠದಲ್ಲಿ ಒಂಬತ್ತು ಮಂದಿ ಕುಳಿತರು. 861ರಿಂದ 870ರ ಒಳಗೆ ನಾಲ್ವರು ಖಲೀಫರು ಕೊಲೆಯಾದರು. 869ರಲ್ಲಿ ಖಲೀಫ ಮುಅ್‌ತಝ್ಝನನ್ನು ಅವನ ಸೈನಿಕರೇ ಎಳೆದು ಹಾಕಿದ್ದು ಸಂಬಳ ಸಿಗಲಿಲ್ಲವೆಂದು. ರೂಮಿನಲ್ಲಿ 820ರಲ್ಲಿ ಒಬ್ಬ ಚಕ್ರವರ್ತಿಯನ್ನು ಪ್ರಾರ್ಥನಾ ಮಂದಿರದಲ್ಲೇ ಕಡಿದರು. 867ರಲ್ಲಿ ಇನ್ನೊಬ್ಬನನ್ನು ಕೊಂದವನೇ ಚಕ್ರವರ್ತಿಯಾದ. ಚೀನಾದಲ್ಲಿ ಅರಮನೆಯ ನಪುಂಸಕ ಅಧಿಕಾರಿಗಳು ಅರಸರನ್ನು ಕೂರಿಸುತ್ತಲೂ ಇಳಿಸುತ್ತಲೂ ಇದ್ದರು. ಅಮೋಘವರ್ಷನ ಕೊನೆಯ ವರ್ಷಗಳ ಹೊತ್ತಿಗೆ ಅಲ್ಲಿಯ ದಂಗೆಕೋರರು ಖಾನ್ಫೂ ಬಂದರಿನಲ್ಲಿ ಮುಸ್ಲಿಂ, ಯಹೂದಿ, ಕ್ರೈಸ್ತ ವರ್ತಕರನ್ನು ಸಾವಿರಗಟ್ಟಲೆ ಕೊಂದರು.

ಇನ್ನೊಂದು ಮಾತನ್ನು ನಾನು ಸಂಕೋಚದಿಂದಲೇ ಬರೆಯಬೇಕು. 833ರಲ್ಲಿ ಖಲೀಫ ಮಾಮೂನ್ ಕುರ್‌ಆನಿನ ವಿಷಯದಲ್ಲಿ ತನ್ನ ಅಭಿಪ್ರಾಯವನ್ನೇ ಎಲ್ಲ ಉಲಮಾಗಳೂ ಒಪ್ಪಬೇಕೆಂದು ಆಜ್ಞೆ ಮಾಡಿದ. ಒಪ್ಪದ ಇಮಾಂ ಅಹ್ಮದ್ ಬಿನ್ ಹಂಬಲ್ (ರ) ಸೆರೆಮನೆ ಸೇರಿದರು. ಮುಂದಿನ ಖಲೀಫನ ಕಾಲದಲ್ಲಿ ಚಾವಟಿಯ ಏಟು ತಿಂದರು. ಆ ವರ್ಷಗಳಲ್ಲಿ ಮಳಖೇಡದಲ್ಲಿ ಜಿನನನ್ನು ಗೌರವಿಸುವ ದೊರೆಯೊಬ್ಬ ಇದ್ದ. ಅವನು ಕೊಲ್ಲಾಪುರದ ಮಹಾಲಕ್ಷ್ಮಿಯನ್ನೂ ನಂಬಿದ್ದ. ಅವನ ಆಳ್ವಿಕೆಯ ಕರಾವಳಿಯಲ್ಲಿ ಅರಬರು ತಮ್ಮ ನಂಬಿಕೆಯಂತೆ ಬಾಳಿದರು. ಮುಸ್ಲಿಂ ನಾಮಧೇಯದ ಅರಸನಾದರೆ ಸಾಕು, ನ್ಯಾಯ ತಾನಾಗಿ ಬರುತ್ತದೆ ಎಂದು ತಿಳಿದವರು ಇದನ್ನು ಹೇಗೆ ವಿವರಿಸುತ್ತಾರೆ?

ಹಾಗೆಂದು ಅವನ ಎಲ್ಲವನ್ನೂ ನಾವು ಮೆಚ್ಚಬೇಕಿಲ್ಲ. ನಾಡಿಗೆ ಬಂದ ಯಾವುದೋ ವಿಪತ್ತು ಕಳೆಯಲೆಂದು ಅವನು ತನ್ನ ಎಡಗೈ ಬೆರಳನ್ನು ಕತ್ತರಿಸಿ ಮಹಾಲಕ್ಷ್ಮಿಗೆ ಅರ್ಪಿಸಿದನೆಂದು 871ರ ಸಂಜಾನ್ ತಾಮ್ರಪಟ ಹೇಳುತ್ತದೆ. ನಮ್ಮ ದೀನಿನಲ್ಲಿ ದೇಹವು ಅಲ್ಲಾಹನ ಅಮಾನತ್ತು. ಅದನ್ನು ಗಾಯಗೊಳಿಸುವುದು ಇಬಾದತ್ ಅಲ್ಲ, ಅಲ್ಲಾಹನಲ್ಲದೆ ಇನ್ನೊಬ್ಬರಿಗೆ ಹರಕೆಯೂ ಇಲ್ಲ. ಆದರೂ ಪ್ರಜೆಗಳ ಕಷ್ಟಕ್ಕೆ ತನ್ನ ಮೈಯಿಂದಲೇ ಬೆಲೆ ತೆರಬೇಕೆಂದು ಒಬ್ಬ ದೊರೆಗೆ ಅನ್ನಿಸಿತಲ್ಲ, ಆ ಭಾವನೆಯನ್ನು ಹಗುರವಾಗಿ ಕಾಣಲಾರೆ. ಅರಸರು ಸಾಮಾನ್ಯವಾಗಿ ಕತ್ತರಿಸುವುದು ಬೇರೆಯವರ ಬೆರಳುಗಳನ್ನು.

ಅಧಿಕಾರವನ್ನು ಅವನು ಒಂದಕ್ಕಿಂತ ಹೆಚ್ಚು ಸಲ ಬಿಟ್ಟುಕೊಟ್ಟು ಧ್ಯಾನಕ್ಕೆ ಹೋಗುತ್ತಿದ್ದನೆಂದೂ ಅದೇ ತಾಮ್ರಪಟದಲ್ಲಿದೆ. ಮುಪ್ಪಿನಲ್ಲಿ ಪ್ರಶ್ನೋತ್ತರ ರೂಪದ ಪುಟ್ಟ ನೀತಿಗ್ರಂಥವೊಂದನ್ನು ರಚಿಸಿದನೆಂದು ಹೇಳುತ್ತಾರೆ. 878ರ ಸುಮಾರಿಗೆ ಅವನ ಕಾಲ ಮುಗಿದು ಮಗ ಎರಡನೆಯ ಕೃಷ್ಣ ಪಟ್ಟಕ್ಕೆ ಬಂದ. ಅದಾಗಿ ನೂರು ವರ್ಷ ತುಂಬುವ ಮೊದಲೇ, 972ರಲ್ಲಿ, ಮಾಳವದ ಪರಮಾರರು ಮಳಖೇಡವನ್ನು ಲೂಟಿ ಮಾಡಿದರು.

ಆದರೆ ಅವನು ಹಾಕಿದ ರೂಢಿ ಅವನೊಡನೆ ಸಾಯಲಿಲ್ಲ. 916ರ ಸುಮಾರಿಗೆ ಇತಿಹಾಸಕಾರ ಮಸ್‌ಊದಿ ಕೊಂಕಣದ ಸೈಮೂರ್ ಬಂದರಿಗೆ ಬಂದಾಗ, ಬಲ್ಹರಾನ ಆ ನಾಡಿನಲ್ಲಿ ಸುಮಾರು ಹತ್ತು ಸಾವಿರ ಮುಸ್ಲಿಮರನ್ನು ಕಂಡ. ಸೀರಾಫ್, ಒಮಾನ್, ಬಸ್ರಾ, ಬಗ್ದಾದಿನಿಂದ ಬಂದವರಿದ್ದರು. ಇಲ್ಲಿಯೇ ಹುಟ್ಟಿದವರೂ ಇದ್ದರು. ಅವರ ವ್ಯಾಜ್ಯಗಳನ್ನು ತೀರ್ಮಾನಿಸಲು ಅವರಲ್ಲೇ ಒಬ್ಬನನ್ನು ದೊರೆ ಮುಖ್ಯಸ್ಥನಾಗಿ ನೇಮಿಸುತ್ತಿದ್ದ.

ಸಂಜಾನ್ ಪ್ರದೇಶವನ್ನು ಆಳಲು ಎರಡನೆಯ ಕೃಷ್ಣ ನೇಮಿಸಿದವನು ಒಬ್ಬ ಅರಬ. ಅವನ ಮುಹಮ್ಮದ್ ಎಂಬ ಹೆಸರು 926ರ ಚಿಂಚಣಿ ತಾಮ್ರಪಟದಲ್ಲಿ ಮಧುಮತಿ ಎಂದಾಗಿದೆ. ಅವನು ಎರಡು ಹೊಳೆಗಳಲ್ಲಿ ದಾಟುವವರಿಗೆ ಬಿಟ್ಟಿ ದೋಣಿ ಇರಿಸಿದ. ಒಂದು ಛತ್ರವನ್ನೂ ಕಟ್ಟಿಸಿದ. ಅಲ್ಲಿ ದಾರಿಹೋಕರಿಗೆ ಅಕ್ಕಿಯ ಅನ್ನ, ಪಲ್ಯ, ತುಪ್ಪ ಹಣವಿಲ್ಲದೆ ಸಿಗುತ್ತಿತ್ತು ಎಂಬುದನ್ನೂ ತಾಮ್ರಪಟ ಬರೆದಿಟ್ಟಿದೆ.