ಚಿತ್ರಕಥೆಗಾರ ಋತ್ವಿಕ್ ಘಟಕ್

ಋತ್ವಿಕ್ ಘಟಕರನ್ನು ನಿರ್ದೇಶಕರೆಂದು ಕೊಂಡಾಡುವವರು ಅವರೊಳಗಿನ ಬರಹಗಾರನನ್ನು ಮರೆಯುವುದುಂಟು. 1925ರ ನವೆಂಬರ್ 4ರಂದು ಢಾಕಾದಲ್ಲಿ ಜನಿಸಿದ ಅವರು ಮೊದಲು ಕಥೆಗಾರರು, ಅನಂತರ ನಾಟಕಕಾರರು. ದೇಶವಿಭಜನೆಯಿಂದ ಹುಟ್ಟೂರು ಪರದೇಶದ ಪಾಲಾಯಿತು, ಕಲ್ಕತ್ತೆಯೇ ನೆಲೆಯಾಯಿತು. ಜನನಾಟ್ಯ ಸಂಘದಲ್ಲಿ ದುಡಿಯುತ್ತಿದ್ದ ಅವರನ್ನು ಚಲನಚಿತ್ರದತ್ತ ಸೆಳೆದುದು, ರಂಗಭೂಮಿಗೆ ನಿಲುಕದಷ್ಟು ಜನರನ್ನು ಅದು ಮುಟ್ಟಬಲ್ಲುದೆಂಬ ನಂಬಿಕೆ.

ಕೆಲಸ ಅರಸುವ ಯುವಕನೊಬ್ಬನ ಕಥೆಯುಳ್ಳ 'ನಾಗರಿಕ' 1952ರಲ್ಲೇ ಸಿದ್ಧವಾದರೂ ತೆರೆಕಾಣಲಿಲ್ಲ. ಅನಂತರ ಘಟಕರು ಮುಂಬಯಿಯಲ್ಲಿ ಕೆಲಕಾಲ ಚಿತ್ರಕಥೆಗಾರರಾಗಿ ದುಡಿದರು. ಹೃಷಿಕೇಶ್ ಮುಖರ್ಜಿಯವರ 'ಮುಸಾಫಿರ್' (1957), ಬಿಮಲ್ ರಾಯರ 'ಮಧುಮತಿ' (1958) ಆ ಅವಧಿಯ ಫಲಗಳು. ಪುನರ್ಜನ್ಮದ ಎಳೆಯ ಮೇಲೆ ನಿಂತ 'ಮಧುಮತಿ'ಯ ಆಕಸ್ಮಿಕಗಳನ್ನು ಪ್ರೇಕ್ಷಕರು ಮರುಮಾತಿಲ್ಲದೆ ಒಪ್ಪಿ, ಅದನ್ನು ಅಪಾರವಾಗಿ ಮೆಚ್ಚಿದರು. ಕಲ್ಕತ್ತೆಗೆ ಮರಳಿದ ಮೇಲೆ ಅದೇ ಆಕಸ್ಮಿಕವೇ ಅವರ ಮೇಲಿನ ದೂರಾಯಿತು.

ಸುಬೋಧ್ ಘೋಷರ ಕಥೆಯನ್ನಾಧರಿಸಿದ 'ಅಜಾಂತ್ರಿಕ್' (1958) ಹಳೆಯ ಮೋಟಾರು ಗಾಡಿಯೊಂದಕ್ಕೂ ಅದರ ಚಾಲಕನಿಗೂ ನಡುವಣ ನಂಟನ್ನು ಚಿತ್ರಿಸಿತು. 'ಮೇಘೇ ಢಾಕಾ ತಾರಾ' (1960) ನಿರಾಶ್ರಿತ ಕುಟುಂಬದ ಭಾರ ಹೊತ್ತು ಸವೆದುಹೋಗುವ ನೀತಾಳ ಕಥೆ. ಆದರೆ ವಿವಾದದ ಕೇಂದ್ರ 1962ರಲ್ಲಿ ತಯಾರಾಗಿ 1965ರಲ್ಲಿ ಬಿಡುಗಡೆಯಾದ 'ಸುವರ್ಣರೇಖಾ'. ನಿರಾಶ್ರಿತನಾದ ಈಶ್ವರ ತಂಗಿ ಸೀತೆಯನ್ನು ಮಗಳಂತೆ ಸಾಕುತ್ತಾನೆ. ಕೆಳಜಾತಿಯವನನ್ನು ಒಲಿದ ಅವಳು ಮನೆ ಬಿಡುತ್ತಾಳೆ. ವರ್ಷಗಳ ಬಳಿಕ ಕುಡಿದ ಮತ್ತಿನಲ್ಲಿ ಕಲ್ಕತ್ತೆಯ ವೇಶ್ಯೆಯೊಬ್ಬಳ ಮನೆ ಹೊಕ್ಕ ಈಶ್ವರನಿಗೆ ಎದುರಾಗುವವಳು ಸೀತೆಯೇ. ಇಂಥ ಕಾಕತಾಳೀಯವನ್ನು ವಿಮರ್ಶಕರು ಒಪ್ಪಲಿಲ್ಲ. ಅಂಥ ಮನೆಗೆ ಹೋದ ಯಾರಿಗೇ ಆಗಲಿ ಎದುರಾಗುವವಳು ಯಾರದೋ ತಂಗಿಯೇ ಅಲ್ಲವೆ ಎಂಬುದು ಘಟಕರ ವಾದವಾಗಿತ್ತು. ಕಥನದ ಬಿಗಿ ಅಲ್ಲಲ್ಲಿ ಸಡಿಲಿರುವುದು ನಿಜ. ಆದರೂ ಭೂಪಟದ ಮೇಲಿನ ಒಂದು ಗೆರೆಯಿಂದ ಲಕ್ಷಾಂತರ ಜನ ಮನೆಮಠ ಕಳೆದುಕೊಂಡ ನಾಡಿನಲ್ಲಿ ಸಂಭವನೀಯತೆಯ ಅಳತೆಗೋಲು ಯಾವುದು? ಈ ಪ್ರಶ್ನೆಯನ್ನು ಎದುರಿಸದೆ ಆ ದೃಶ್ಯವನ್ನು ತಳ್ಳಿಹಾಕುವುದು ಸರಿಯಲ್ಲ.

ಮುಂದೆ ಪುಣೆಯ ಚಲನಚಿತ್ರ ಸಂಸ್ಥೆಯಲ್ಲಿ ಅವರು ಕೆಲಕಾಲ ಪಾಠ ಹೇಳಿದರು. ಕುಮಾರ್ ಶಹಾನಿ, ಮಣಿ ಕೌಲ್ ಅವರ ಶಿಷ್ಯರು. ಕುಡಿತ ಮತ್ತು ಅನಾರೋಗ್ಯಗಳು ಅವರನ್ನು ಹಣ್ಣುಮಾಡಿದವು. ಅದ್ವೈತ ಮಲ್ಲಬರ್ಮನ್ನರ ಕಾದಂಬರಿಯನ್ನಾಧರಿಸಿದ 'ತಿತಾಸ್ ಏಕ್ಟಿ ನದೀರ್ ನಾಮ್' (1973) ಚಿತ್ರವನ್ನು ಬಾಂಗ್ಲಾದೇಶದಲ್ಲಿ ನಿರ್ಮಿಸಿದರು. ಕೊನೆಯ 'ಜುಕ್ತಿ ತಕ್ಕೊ ಆರ್ ಗಪ್ಪೊ' ಚಿತ್ರದಲ್ಲಿ ಕುಡುಕ ಬುದ್ಧಿಜೀವಿಯ ಪಾತ್ರವನ್ನು ತಾವೇ ವಹಿಸಿ, ಅವನಿಗೆ ನೀಲಕಂಠನೆಂದು ಹೆಸರಿಟ್ಟರು. ನಮ್ಮ ನಂಜುಂಡನೇ ಅವನು. ಅದರ ಕಥೆಗೆ 1974ರ ಸಾಲಿನ ರಾಷ್ಟ್ರಪ್ರಶಸ್ತಿ ಸಂದಿತು. 1976ರ ಫೆಬ್ರವರಿ 6ರಂದು ಕಲ್ಕತ್ತೆಯಲ್ಲಿ ಘಟಕರು ತೀರಿಕೊಂಡರು. ಆ ಚಿತ್ರವೂ, ಕಾಲು ಶತಮಾನ ಕಾದಿದ್ದ 'ನಾಗರಿಕ'ವೂ ಪ್ರೇಕ್ಷಕರೆದುರು ಬಂದದ್ದು 1977ರಲ್ಲಿ.