ಕೊನೇ ಸಾಲಿಗೆ ಕೇಳಿಸದ ದನಿ: ವಿವಿಯನ್ ಲೀ ಆರಂಭದ ದಿನಗಳು

ಹಳೇ ಇಂಗ್ಲಿಷ್ ಸಿನಿಮಾಗಳ ಮಾತು ಬಂದಾಗೆಲ್ಲ 'ಗಾನ್ ವಿತ್ ದ ವಿಂಡ್' ಹೆಸರು ಬಂದೇ ಬರುತ್ತೆ. ಅದರಲ್ಲಿ ಸ್ಕಾರ್ಲೆಟ್ ಓಹಾರಾ ಆಗಿ ನಟಿಸಿದ ವಿವಿಯನ್ ಲೀ ಹೆಸರನ್ನೂ ನಮ್ಮಲ್ಲಿ ಹಲವರು ಕೇಳಿರ್ತೀವಿ. ಆದ್ರೆ ಆ ಚಿತ್ರಕ್ಕೆ ಆಸ್ಕರ್ ಗೆಲ್ಲೋಕೆ ಐದು ವರ್ಷ ಮೊದಲು ಆಕೆ ಎಲ್ಲಿದ್ದಳು, ಏನ್ ಮಾಡ್ತಿದ್ದಳು? ಪ್ಲೇಸ್‌ಮೆಂಟ್ ಸೀಸನ್ನಿನ ಈ ಹೊತ್ತಲ್ಲಿ ನಮಗೆ ಹೇಳಬೇಕು ಅನ್ನಿಸಿದ್ದು ಆ ಐದು ವರ್ಷಗಳ ಕತೆ.

ವಿವಿಯನ್ ಮೇರಿ ಹಾರ್ಟ್ಲಿ ಹುಟ್ಟಿದ್ದು 1913ರ ನವೆಂಬರ್ 5ರಂದು, ಡಾರ್ಜಿಲಿಂಗ್‌ನಲ್ಲಿ. ಅಪ್ಪ ಅರ್ನೆಸ್ಟ್ ಹಾರ್ಟ್ಲಿ ಬ್ರಿಟಿಷ್ ಬ್ರೋಕರ್. ಮೊದಲನೇ ಮಹಾಯುದ್ಧದ ಕಾಲದಲ್ಲಿ, 1917ರಲ್ಲಿ, ಅವನನ್ನು ಅಶ್ವದಳದ ಅಧಿಕಾರಿಯಾಗಿ ನಮ್ಮ ಬೆಂಗಳೂರಿಗೇ ಹಾಕಿದರು. ಅಮ್ಮ, ಮಗಳು ಊಟಿಯಲ್ಲಿ ಉಳಿದರು. ಅಮ್ಮನ ಹವ್ಯಾಸಿ ನಾಟಕ ತಂಡದಲ್ಲಿ ಒಂದು ಶಿಶುಗೀತೆ ಹೇಳೋಕೆ ವಿವಿಯನ್ ಮೊದಲ ಸಲ ಸ್ಟೇಜ್ ಹತ್ತಿದಾಗ ವಯಸ್ಸು ಬರೀ ಮೂರು.

ಆರು ವರ್ಷಕ್ಕೆ ಆಕೆಯನ್ನು ಲಂಡನ್ನಿನ ರೋಹ್ಯಾಂಪ್ಟನ್‌ನಲ್ಲಿದ್ದ ಕಾನ್ವೆಂಟ್ ಹಾಸ್ಟೆಲ್‌ಗೆ ಸೇರಿಸಿದರು. ಹದಿನೆಂಟಕ್ಕೆ ಹಾಸ್ಟೆಲ್ ಸೇರಿ ಮೊದಲ ವಾರ ಊಟ ಸೇರದೆ ಒದ್ದಾಡಿದ ನಮಗೆ, ಆರು ವರ್ಷದ ಮಗು ಸಮುದ್ರದಾಚೆ ಹಾಗೆ ಉಳಿದದ್ದು ಸ್ವಲ್ಪ ಅರ್ಥವಾಗುತ್ತೆ. ಅಲ್ಲಿ ಗೆಳತಿಯಾಗಿ ಸಿಕ್ಕವಳು ಮೌರೀನ್ ಓ'ಸಲಿವನ್. ತಾನು ದೊಡ್ಡ ನಟಿಯಾಗಬೇಕು ಅಂತ ವಿವಿಯನ್ ಅವಳ ಹತ್ತಿರ ಹೇಳಿಕೊಂಡಿದ್ದಳು. ಮುಂದೆ ಅಪ್ಪ ಅಮ್ಮನ ಜತೆ ಯುರೋಪ್ ಸುತ್ತಿ, ಅಲ್ಲಲ್ಲಿನ ಶಾಲೆಗಳಲ್ಲಿ ಓದಿ, ಫ್ರೆಂಚ್, ಇಟಾಲಿಯನ್ ಎರಡನ್ನೂ ಚೆನ್ನಾಗಿ ಕಲಿತಳು. 1931ರಲ್ಲಿ ಲಂಡನ್ನಿಗೆ ವಾಪಸ್ ಬಂದಾಗ ನೋಡಿದರೆ, ಗೆಳತಿ ಮೌರೀನ್ ಆಗಲೇ ಹಾಲಿವುಡ್ ಚಿತ್ರದಲ್ಲಿ! ಅದನ್ನು ನೋಡಿ ಬಂದ ವಿವಿಯನ್ ಮನೆಯಲ್ಲಿ ತನ್ನ ಆಸೆ ಹೇಳಿದಳು. ಅಪ್ಪ ರಾಯಲ್ ಅಕಾಡೆಮಿ ಆಫ್ ಡ್ರಮ್ಯಾಟಿಕ್ ಆರ್ಟ್‌ಗೆ ಸೇರಿಸಿದ.

ಕೋರ್ಸ್ ಮಾತ್ರ ಅರ್ಧಕ್ಕೇ ನಿಂತಿತು. ತನಗಿಂತ 13 ವರ್ಷ ದೊಡ್ಡವನಾದ ಹರ್ಬರ್ಟ್ ಲೀ ಹೋಲ್ಮನ್ ಅನ್ನೋ ವಕೀಲನನ್ನು 1932ರ ಡಿಸೆಂಬರ್‌ನಲ್ಲಿ ಮದುವೆಯಾದಳು. ಆಗ ಅವಳಿಗೆ 19. ಮರುವರ್ಷ ಅಕ್ಟೋಬರ್‌ನಲ್ಲಿ ಮಗಳು ಸುಝಾನ್ ಹುಟ್ಟಿದಳು. ಕತೆ ಅಲ್ಲಿಗೇ ಮುಗಿಯಬಹುದಿತ್ತು. ಮುಗಿಯಲಿಲ್ಲ. 'ಥಿಂಗ್ಸ್ ಆರ್ ಲುಕಿಂಗ್ ಅಪ್' ಚಿತ್ರದಲ್ಲಿ ಶಾಲಾ ಹುಡುಗಿಯ ಒಂದು ಚಿಕ್ಕ ಪಾತ್ರ ಸಿಕ್ಕಿತು. ಟೈಟಲ್ ಕಾರ್ಡಿನಲ್ಲಿ ಹೆಸರು ಕೂಡ ಇಲ್ಲ.

ಏಜೆಂಟ್ ಜಾನ್ ಗ್ಲಿಡನ್‌ಗೆ ವಿವಿಯನ್ ಹೋಲ್ಮನ್ ಅನ್ನೋ ಹೆಸರು ಹಿಡಿಸಲಿಲ್ಲ. 'ಏಪ್ರಿಲ್ ಮಾರ್ನ್' ಅಂತ ಒಂದು ಹೆಸರು ಸೂಚಿಸಿದರೂ ಆಕೆ ಒಪ್ಪಲಿಲ್ಲ; ಗಂಡನ ಹೆಸರಿನ ನಡುವಿದ್ದ 'ಲೀ' ತೆಗೆದುಕೊಂಡಳು. ಗ್ಲಿಡನ್ ಆಕೆಯನ್ನು ದೊಡ್ಡ ನಿರ್ಮಾಪಕ ಅಲೆಕ್ಸಾಂಡರ್ ಕೋರ್ಡಾಗೆ ಶಿಫಾರಸು ಮಾಡಿದ. ಈ ಹುಡುಗಿಯಲ್ಲಿ ಅಂಥದ್ದೇನೂ ಇಲ್ಲ ಅಂತ ಕೋರ್ಡಾ ಕೈಬಿಟ್ಟ. ನಮ್ಮ ಭಾಷೇಲಿ ಹೇಳೋದಾದ್ರೆ, ಮೊದಲ ರೌಂಡಲ್ಲೇ ರಿಜೆಕ್ಟ್.

1935ರ ಮೇ ತಿಂಗಳಲ್ಲಿ 'ದ ಮಾಸ್ಕ್ ಆಫ್ ವರ್ಚ್ಯೂ' ನಾಟಕ ಲಂಡನ್ನಿನ ಅಂಬಾಸಿಡರ್ಸ್ ಅನ್ನೋ ಪುಟ್ಟ ಥಿಯೇಟರಿನಲ್ಲಿ ತೆರೆ ಕಂಡಿತು. ಪತ್ರಿಕೆಗಳು ಹೊಗಳಿದ್ದೇ ಹೊಗಳಿದ್ದು. ಮೊದಲ ಪ್ರದರ್ಶನಕ್ಕೆ ಬಂದಿದ್ದ ಕೋರ್ಡಾ ತನ್ನ ತಪ್ಪು ಒಪ್ಪಿಕೊಂಡು ಸಿನಿಮಾ ಕರಾರಿಗೆ ಸಹಿ ಹಾಕಿಸಿಕೊಂಡ. ನಿರ್ದೇಶಕ ಸಿಡ್ನಿ ಕ್ಯಾರೊಲ್ ಆಕೆಯ ಹೆಸರಿನ ಇಂಗ್ಲಿಷ್ ಸ್ಪೆಲ್ಲಿಂಗಿನಲ್ಲಿ ಒಂದು 'ಎ' ತೆಗೆದು 'ಇ' ಹಾಕಿದ. ಕನ್ನಡದಲ್ಲಿ ಬರೆದರೆ ಎರಡೂ ಒಂದೇ, ಬಿಡಿ!

ಇಷ್ಟಕ್ಕೇ ನಿಲ್ಲಿಸಿದರೆ ಇದು ರಾತ್ರೋರಾತ್ರಿ ಸ್ಟಾರ್ ಆದವಳ ಕತೆ. ಆದ್ರೆ ಮುಂದೆ ಆಗಿದ್ದೇ ಬೇರೆ. ನಾಟಕ ಗೆದ್ದಿತು ಅಂತ ಅದನ್ನು ದೊಡ್ಡ ಥಿಯೇಟರಿಗೆ ಸಾಗಿಸಿದರು. ಅಲ್ಲಿ ವಿವಿಯನ್ ದನಿ ಹಿಂದಿನ ಸಾಲುಗಳನ್ನು ಮುಟ್ಟಲಿಲ್ಲ. ಅಷ್ಟು ದೊಡ್ಡ ಸಭೆಯನ್ನು ಹಿಡಿದಿಡೋಕೂ ಆಗಲಿಲ್ಲ. ಕೆಲವೇ ದಿನಗಳಲ್ಲಿ ನಾಟಕ ನಿಂತಿತು. ಪುಟ್ಟ ಲ್ಯಾಬಿನಲ್ಲಿ ಚೆನ್ನಾಗಿ ಓಡಿದ ಮಾಡೆಲ್ಲು ನಿಜವಾದ ಲೋಡ್ ಬಿದ್ದಾಗ ಕೈಕೊಟ್ಟ ಹಾಗೆ. ಹೆಸರು ಬಂದಿತ್ತು, ಕರಾರೂ ಕೈಯಲ್ಲಿತ್ತು. ಕಸುಬು ಮಾತ್ರ ಇನ್ನೂ ಪೂರ್ತಿ ಕೈಗೆ ಹತ್ತಿರಲಿಲ್ಲ.

ಆಮೇಲಿನ ವರ್ಷಗಳ ಪಟ್ಟಿ ನೋಡಿ. 1936ರಲ್ಲಿ ಆಕ್ಸ್‌ಫರ್ಡ್ ವಿದ್ಯಾರ್ಥಿಗಳ ನಾಟಕ ಸಂಘದ 'ರಿಚರ್ಡ್ II'ರಲ್ಲಿ ರಾಣಿ. ಹೌದು, ನಮ್ಮಂಥದ್ದೇ ಕಾಲೇಜು ಸಂಘದ ನಾಟಕ! ಅದೇ ವರ್ಷ ಲಂಡನ್ನಿನ ರೀಜೆಂಟ್ಸ್ ಪಾರ್ಕಿನ ಬಯಲು ರಂಗಮಂದಿರದಲ್ಲಿ 'ಹೆನ್ರಿ VIII'. 1937ರಲ್ಲಿ ಓಲ್ಡ್ ವಿಕ್ ತಂಡದ ಜತೆ ಡೆನ್ಮಾರ್ಕಿನ ಎಲ್ಸಿನೋರ್‌ಗೆ ಹೋಗಿ 'ಹ್ಯಾಮ್ಲೆಟ್'ನಲ್ಲಿ ಒಫೀಲಿಯಾ. ಕೋಟೆಯ ಅಂಗಳದಲ್ಲಿ ಆಗಬೇಕಿದ್ದ ಆ ಮೊದಲ ಪ್ರದರ್ಶನ ಮಳೆಯಿಂದಾಗಿ ಹೋಟೆಲ್ ಹಾಲಿನಲ್ಲಿ ನಡೆಯಿತು. ದನಿ ಸಾಲದು ಅಂತಾದ ಹುಡುಗಿ ಹೋಗಿ ನಿಂತಿದ್ದು ದನಿಯನ್ನೇ ಬೇಡುವ ಷೇಕ್ಸ್‌ಪಿಯರ್ ಎದುರಿಗೆ. ಮಧ್ಯೆ ಮಧ್ಯೆ ಸಿನಿಮಾಗಳು: 'ಫೈರ್ ಓವರ್ ಇಂಗ್ಲೆಂಡ್', 'ಡಾರ್ಕ್ ಜರ್ನಿ', 'ಸ್ಟಾರ್ಮ್ ಇನ್ ಎ ಟೀಕಪ್'. 1938ರ 'ಎ ಯಾಂಕ್ ಅಟ್ ಆಕ್ಸ್‌ಫರ್ಡ್' ಆಕೆಯನ್ನು ಅಮೆರಿಕದವರ ಕಣ್ಣಿಗೆ ಬೀಳಿಸಿತು. ಆ ಚಿತ್ರದ ನಾಯಕಿ ಯಾರು ಗೊತ್ತಾ? ಅದೇ ಕಾನ್ವೆಂಟಿನ ಮೌರೀನ್.

'ಗಾನ್ ವಿತ್ ದ ವಿಂಡ್' ಕಾದಂಬರಿ ಓದಿದ ವಿವಿಯನ್, ಸ್ಕಾರ್ಲೆಟ್ ಪಾತ್ರಕ್ಕೆ ತನ್ನ ಹೆಸರು ಹೇಳುವಂತೆ ಏಜೆಂಟನಿಗೆ ಸೂಚಿಸಿದ್ದಳು. ನಿರ್ಮಾಪಕ ಡೇವಿಡ್ ಸೆಲ್ಜ್‌ನಿಕ್‌ಗೆ ನಾಯಕಿ ಎಷ್ಟು ಹುಡುಕಿದರೂ ಸಿಕ್ಕಿರಲಿಲ್ಲ. 1938ರ ಡಿಸೆಂಬರ್ 10ರ ರಾತ್ರಿ ಹಳೇ ಸೆಟ್‌ಗಳಿಗೆ ಬೆಂಕಿ ಹಚ್ಚಿ, ಡೂಪ್‌ಗಳನ್ನು ಇಟ್ಟುಕೊಂಡೇ ಅಟ್ಲಾಂಟಾ ನಗರ ಉರಿಯೋ ದೃಶ್ಯ ಚಿತ್ರಿಸಿದರು. ಅವತ್ತೇ ಅವನ ಅಣ್ಣ ಮೈರನ್, ವಿವಿಯನ್‌ಳನ್ನು ಅಲ್ಲಿಗೆ ಕರೆತಂದು ಪರಿಚಯಿಸಿದ. ಸ್ಕ್ರೀನ್ ಟೆಸ್ಟ್ ಆಯ್ತು, ಪಾತ್ರ ಸಿಕ್ಕಿತು. ಆಮೇಲೆ ಅಮೆರಿಕದ ದಕ್ಷಿಣ ಸೀಮೆಯ ಇಂಗ್ಲಿಷ್ ಉಚ್ಚಾರ ಕಲಿಯಬೇಕಾಯ್ತು. ಮತ್ತೆ ದನಿಯ ಪರೀಕ್ಷೆಯೇ. ಈ ಸಲ ಪಾಸ್: 1940ರ ಫೆಬ್ರವರಿ 29ರಂದು ಶ್ರೇಷ್ಠ ನಟಿ ಆಸ್ಕರ್, 26ನೇ ವಯಸ್ಸಿಗೆ.

ಇದಕ್ಕೆ ತೆತ್ತ ಬೆಲೆಯನ್ನೂ ಹೇಳದಿದ್ರೆ ತಪ್ಪಾಗುತ್ತೆ. 'ಫೈರ್ ಓವರ್ ಇಂಗ್ಲೆಂಡ್' ಹೊತ್ತಿಗೆ ಸಹನಟ ಲಾರೆನ್ಸ್ ಒಲಿವಿಯರ್ ಜತೆ ಪ್ರೀತಿ ಬೆಳೆದು ಎರಡು ಸಂಸಾರ ಒಡೆದವು. ಸುಝಾನ್ ಅಪ್ಪನ ಮತ್ತು ಅಜ್ಜಿಯ ಆಸರೆಯಲ್ಲಿ ಬೆಳೆದಳು. ಮುಂದೆ ಮನೋವ್ಯಾಧಿ, ಕ್ಷಯ ಎರಡೂ ವಿವಿಯನ್‌ಳನ್ನು ಕಾಡಿದವು. 1967ರ ಜುಲೈನಲ್ಲಿ, 53ನೇ ವಯಸ್ಸಿಗೆ ತೀರಿಕೊಂಡಾಗ, ಲಂಡನ್ನಿನ ಥಿಯೇಟರುಗಳು ಹೊರಗಿನ ದೀಪ ಆರಿಸಿ ಗೌರವ ಸಲ್ಲಿಸಿದವು.

ರಿಜೆಕ್ಟ್ ಆದಾಗ ಹೇಗೆ ತಡ್ಕೋಬೇಕು ಅಂತ ನಮಗೆ ಹೇಳೋರು ಬಹಳ ಜನ. ಯೋಗ್ಯತೆಗಿಂತ ದೊಡ್ಡ ಆಫರ್ ಮೊದಲೇ ಕೈಗೆ ಬಂದರೆ ಏನ್ ಮಾಡಬೇಕು ಅನ್ನೋರು ಕಡಿಮೆ. ವಿವಿಯನ್ ಬದುಕಿನ ಈ ಐದು ವರ್ಷ ಅದಕ್ಕೆ ಒಂದು ಉತ್ತರ. 'ಗಾನ್ ವಿತ್ ದ ವಿಂಡ್' ನೋಡೋಕೆ ಹೆಚ್ಚುಕಡಿಮೆ ನಾಲ್ಕು ಗಂಟೆ ಬೇಕು, ಸೆಮಿಸ್ಟರ್ ರಜೆಗೆ ಇಟ್ಕೊಳ್ಳಿ. ಅದಕ್ಕೂ ಮೊದಲು 1938ರ 'ಸೇಂಟ್ ಮಾರ್ಟಿನ್ಸ್ ಲೇನ್' ಒಮ್ಮೆ ನೋಡಿ. ಕಲಿಯುತ್ತಿದ್ದ ವಿವಿಯನ್ ಅಲ್ಲಿ ಸಿಗ್ತಾಳೆ.