ಗ್ರಾಮಜೀವನದ ಪರಿಶೋಧಕರು: ಪ್ರೊಫೆಸರ್ ಮೈಸೂರು ನರಸಿಂಹಾಚಾರ್ ಶ್ರೀನಿವಾಸರ ಚರಿತ್ರೆ

ಹೇಮಾವತಿಯ ತೀರದ ಸಕಲೇಶಪುರ, ಆಲೂರು ಸೀಮೆಗಳ ಗ್ರಾಮಗಳಲ್ಲಿ ಸುಗ್ಗಿಯ ಹಬ್ಬವೆಂದರೆ ಊರೆಲ್ಲ ಒಂದು ಮನೆಯಾಗುವ ಕಾಲ. ದೂರಕ್ಕೆ ಹೋದ ಮಕ್ಕಳು ಹಿಂದಿರುಗುವರು. ನೆಂಟರು ಬಂದು ಸೇರುವರು. ಗ್ರಾಮದೇವತೆಯ ಸೇವೆಯಲ್ಲಿ ಒಬ್ಬೊಬ್ಬರಿಗೂ ಒಂದೊಂದು ಕೆಲಸವಿರುವುದು. ಹುಟ್ಟಿದಂದಿನಿಂದ ಇದನ್ನು ಕಂಡಿರುವ ನಮಗೆ ಇದರಲ್ಲಿ ಅರಿಯತಕ್ಕುದು ಏನೂ ಇಲ್ಲವೆಂದು ತೋರುವುದು ಸಹಜ. ಆದರೆ ನಿತ್ಯವೂ ಕಾಣುವ ಇಂತಹ ಬಾಳನ್ನೇ ಶಾಸ್ತ್ರದೃಷ್ಟಿಯಿಂದ ನೋಡಿ, ಕನ್ನಡ ನಾಡಿನ ಹಳ್ಳಿಯನ್ನು ಲೋಕದ ವಿದ್ವಾಂಸರಿಗೆ ಪರಿಚಯಮಾಡಿಕೊಟ್ಟ ಮಹನೀಯರೊಬ್ಬರ ಚರಿತ್ರೆಯನ್ನು ಶ್ರೀಮಠದ ಭಕ್ತವೃಂದಕ್ಕಾಗಿ ಇಲ್ಲಿ ಸಂಗ್ರಹಿಸಿದೆ.

ಶ್ರೀನಿವಾಸರು 1916ನೆಯ ಇಸವಿ ನವೆಂಬರ್ 16ನೆಯ ತಾರೀಖು ಮೈಸೂರು ನಗರದಲ್ಲಿ ಶ್ರೀವೈಷ್ಣವ ಬ್ರಾಹ್ಮಣ ಮನೆತನದಲ್ಲಿ ಜನಿಸಿದರು. ಇವರ ಮನೆಯ ಹಿಂಬದಿಗೆ ಕುರುಬರು ವಾಸವಾಗಿದ್ದ ಬಂಡಿಕೇರಿ. ನಾಲ್ಕು ಹೆಜ್ಜೆಯ ದೂರದಲ್ಲಿಯೇ ನಡೆನುಡಿಗಳು ತಮ್ಮ ಮನೆಯವಕ್ಕಿಂತ ಬೇರೆಯಾಗಿರುವುದನ್ನು ಕಂಡು ಬಾಲಕನಿಗುಂಟಾದ ವಿಸ್ಮಯವೇ ಮುಂದಿನ ವಿದ್ಯೆಗೆ ಬೀಜವಾಯಿತೆನ್ನಬಹುದು. ಮಹಾರಾಜಾ ಕಾಲೇಜಿನ ವ್ಯಾಸಂಗವನ್ನು ಮುಗಿಸಿ ಮುಂಬಯಿಗೆ ಹೋಗಿ, ಪ್ರೊಫೆಸರ್ ಘುರ್ಯೆ ಅವರ ಶಿಷ್ಯರಾಗಿ, ಮೈಸೂರು ಸೀಮೆಯ ವಿವಾಹ ಮತ್ತು ಕುಟುಂಬ ಪದ್ಧತಿಗಳನ್ನು ಕುರಿತ ಗ್ರಂಥವನ್ನು 1942ರಲ್ಲಿ ಪ್ರಕಟಿಸಿದರು.

ಅನಂತರ ನಮ್ಮ ಸಕಲೇಶಪುರ ಸೀಮೆಗೆ ತೆಂಕಣ ನೆರೆಯಾದ ಕೊಡಗಿನಲ್ಲಿ ವಿಷಯಸಂಗ್ರಹ ಮಾಡಿ, ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯದಲ್ಲಿ ಅದನ್ನು ಕ್ರಮಪಡಿಸಿ, 1952ರಲ್ಲಿ ದೊಡ್ಡ ಗ್ರಂಥವಾಗಿ ಹೊರತಂದರು. ಒಕ್ಕವೆಂಬ ಅವಿಭಕ್ತ ಕುಟುಂಬ, ಅದರ ಐನ್‌ಮನೆ, ಪುತ್ತರಿಯ ಹಬ್ಬ ಇವು ಬೇರೆಬೇರೆಯಲ್ಲ. ಜನರನ್ನು ಒಂದಾಗಿ ಕಟ್ಟುವ ಒಂದೇ ಹಗ್ಗದ ಎಳೆಗಳೆಂಬುದನ್ನು ಆ ಗ್ರಂಥವು ತೋರಿಸಿತು. 1834ರವರೆಗೆ ಕೊಡಗನ್ನು ಆಳಿದ ಹಾಲೇರಿಯ ಅರಸರು ಲಿಂಗವಂತರೆಂಬುದು ನಮ್ಮವರಿಗೆ ತಿಳಿದೇ ಇದೆ.

ಕೆಳಗಿನವೆಂದು ಎಣಿಸಲ್ಪಟ್ಟ ಜಾತಿಗಳು ಮೇಲಿನವರ ಆಚಾರಗಳನ್ನು ಕೈಕೊಂಡು ಕಾಲಕ್ರಮದಲ್ಲಿ ಸ್ಥಾನವನ್ನು ಏರಿಸಿಕೊಳ್ಳುವುದಕ್ಕೆ ಇವರು ಸಂಸ್ಕೃತೀಕರಣವೆಂದು ಹೆಸರಿಟ್ಟರು. ಕನ್ನಡ ನಾಡಿನಲ್ಲಿ ಇದಕ್ಕೆ ಲಿಂಗವಂತರು ಪ್ರಬಲ ಕಾರಣರಾದರೆಂದೂ ಬರೆದರು. ಈ ಮಾತನ್ನು ನಾವು ವಿಚಾರಮಾಡಿ ಗ್ರಹಿಸತಕ್ಕುದು. ಮದ್ಯಮಾಂಸಗಳನ್ನು ತೊರೆದ ಕುಲಗಳು ಲಿಂಗವಂತರ ನೆರೆಯಲ್ಲಿ ಅನೇಕವಿದ್ದುದು ನಿಜ. ಆದರೆ ಶರಣರು ಕಾಯಕ ದಾಸೋಹಗಳನ್ನು ಬೋಧಿಸಿದ್ದು ಮೇಲಿನವರನ್ನು ಅನುಕರಿಸಲೆಂದಲ್ಲ, ಮೇಲುಕೀಳೆಂಬುದನ್ನೇ ನೀಗಲೆಂದು. ಆಚಾರದ ಹೊರರೂಪವನ್ನು ಅಳೆದ ಕೋಲಿಗೆ ಒಳಗಿನ ಆಶಯವು ಪೂರ್ಣವಾಗಿ ಸಿಕ್ಕುವುದಿಲ್ಲ. ಶ್ರೀನಿವಾಸರಾದರೂ ತಮ್ಮ ಮಾತನ್ನೇ ಹಿಡಿದು ಕುಳಿತವರಲ್ಲ. ಬ್ರಾಹ್ಮಣರಲ್ಲದೆ ಇತರರೂ ಜನರಿಗೆ ಮೇಲ್ಪಂಕ್ತಿಯಾಗುವರೆಂದು ಮುಂದೆ ತಾವೇ ತಿದ್ದಿಕೊಂಡರು.

ಆಕ್ಸ್‌ಫರ್ಡಿನಲ್ಲಿ ಅಧ್ಯಾಪಕ ಪದವಿ ದೊರೆತಾಗ, ಮೊದಲ ವರ್ಷವನ್ನು ಹಳ್ಳಿಯೊಂದರಲ್ಲಿ ಕಳೆಯಲು ಅನುಮತಿಯನ್ನು ಪಡೆದು, 1948ರಲ್ಲಿ ಮೈಸೂರಿಗೆ ಸಮೀಪದ ಗ್ರಾಮವೊಂದಕ್ಕೆ ಬಂದರು. ಆ ಊರಿಗೆ ರಾಮಪುರವೆಂದು ತಾವೇ ಹೆಸರಿಟ್ಟುಕೊಂಡರು. ಗೌಡರ ಎತ್ತಿನ ಕೊಟ್ಟಿಗೆಯಿದ್ದ ಕಟ್ಟಡವೇ ಇವರ ಬಿಡಾರ. ಗುಡಿಯ ಪೂಜೆಯನ್ನು ನಡೆಯಿಸುವ ಲಿಂಗವಂತ ಅರ್ಚಕರೂ ಆ ಊರಿನಲ್ಲಿದ್ದರು. ಮಳೆ ತಡೆದಾಗ ಹಿರಿಯರು ಬಸವನ ಮುಂದೆ ಹೂವು ಕೇಳಿದುದನ್ನೂ, ಭೂಮಿಯ ವ್ಯಾಜ್ಯಗಳನ್ನೂ, ಪಂಚಾಯಿತಿಯ ತೀರ್ಪುಗಳನ್ನೂ ಇವರು ಕುಳಿತು ಕೇಳಿ ಬರೆದುಕೊಂಡರು. ಸ್ನಾನವಾದ ಮೇಲೆ ಕ್ಷೌರ ಮಾಡಿಕೊಂಡುದಕ್ಕೆ ಬ್ರಾಹ್ಮಣರಾದ ಇವರಿಗೇ ಊರ ಹಿರಿಯರು ಆಚಾರವನ್ನು ನೆನಪಿಸಿದರಂತೆ! ಪರೀಕ್ಷಿಸಲು ಬಂದವರು ಹೀಗೆ ತಾವೇ ಪರೀಕ್ಷೆಗೊಳಗಾದರು.

ಅನೇಕ ವರ್ಷಗಳ ಪರಿಶ್ರಮದಿಂದ ಕ್ರಮಪಡಿಸಿದ ಟಿಪ್ಪಣಿಗಳ ಮೂರು ಪ್ರತಿಗಳನ್ನೂ ಒಯ್ದು, ಅಮೆರಿಕಾದ ಸ್ಟ್ಯಾನ್‌ಫರ್ಡಿನಲ್ಲಿ ಗ್ರಂಥರಚನೆಗೆ ಕುಳಿತಿದ್ದಾಗ, 1970ನೆಯ ಏಪ್ರಿಲ್ 24ರಂದು ದುಷ್ಕರ್ಮಿಗಳು ಆ ಸಂಸ್ಥೆಗೆ ಬೆಂಕಿಯಿಟ್ಟರು. ಮೂರು ಪ್ರತಿಗಳೂ ಅಗ್ನಿಗಾಹುತಿಯಾದವು. ವಿದ್ವಾಂಸನಿಗೆ ಇದಕ್ಕಿಂತ ದೊಡ್ಡ ನಷ್ಟ ಯಾವುದು? ನೆನಪಿನಿಂದಲೇ ಬರೆಯಿರೆಂದು ಸಹೋದ್ಯೋಗಿಯಾದ ಸೋಲ್ ಟ್ಯಾಕ್ಸ್ ಎಂಬವರು ಹುರಿದುಂಬಿಸಲು, ಶ್ರೀನಿವಾಸರು ಎದೆಗುಂದದೆ ಕೆಲಸಕ್ಕೆ ತೊಡಗಿದರು. 1976ರಲ್ಲಿ ಪ್ರಕಟವಾದ ಆ ಗ್ರಂಥದಲ್ಲಿ ಗೌಡರೂ ಅರ್ಚಕರೂ ಒಕ್ಕಲುಗಳೂ ಕಣ್ಣಮುಂದೆ ನಡೆದಾಡುವರು. ಸುಟ್ಟುದು ಕಾಗದ, ಜನರೊಡನೆ ಬಾಳಿ ಪಡೆದುದು ಸುಡಲಿಲ್ಲ.

ಬರೋಡಾ, ದಿಲ್ಲಿಗಳಲ್ಲಿ ಸಮಾಜಶಾಸ್ತ್ರದ ವಿಭಾಗಗಳನ್ನು ಕಟ್ಟಿ ಬೆಳೆಸಿ, 1972ರಲ್ಲಿ ಬೆಂಗಳೂರಿಗೆ ಬಂದು ಸಾಮಾಜಿಕ ಮತ್ತು ಆರ್ಥಿಕ ಪರಿವರ್ತನ ಸಂಸ್ಥೆಯನ್ನು ಬೆಳೆಯಿಸಿದ ಇವರು, 1977ರಲ್ಲಿ ಪದ್ಮಭೂಷಣ ಪ್ರಶಸ್ತಿಯನ್ನು ಪಡೆದು, 1999ನೆಯ ನವೆಂಬರ್ 30ರಂದು ತಮ್ಮ 83ನೆಯ ವಯಸ್ಸಿನಲ್ಲಿ ಬೆಂಗಳೂರಿನಲ್ಲಿ ದಿವಂಗತರಾದರು.

ನಮ್ಮ ಬೆಟ್ಟದೂರುಗಳಲ್ಲಿಯೂ ಹಿರಿಯರು ಒಬ್ಬೊಬ್ಬರಾಗಿ ಲಿಂಗೈಕ್ಯರಾಗುತ್ತಿರುವರು. ಯಾವ ಮನೆತನಕ್ಕೆ ಹಬ್ಬದಲ್ಲಿ ಯಾವ ಸೇವೆ, ಯಾವ ಊರಿಗೆ ಯಾವ ಊರು ಸೋದರ, ಎಂಬುದು ಅವರೊಡನೆಯೇ ಮರೆಯಾಗುತ್ತಿದೆ. ಬೆಂಕಿಯಿಲ್ಲದೆಯೇ ಸುಡುವ ಹೊತ್ತಗೆ ಇದು. ಮಠದ ಶಿಷ್ಯರಲ್ಲಿ ಓದು ಬಲ್ಲ ತರುಣರು ತಮ್ಮತಮ್ಮ ಊರಿನ ಹಿರಿಯರ ಬಳಿ ವಿನಯದಿಂದ ಕುಳಿತು, ಕೇಳಿ, ಬರೆದಿಡುವರಾದರೆ ಈ ಮಹೋತ್ಸವವು ಸಾರ್ಥಕವಾಗುವುದು. ಶುಭಮಸ್ತು.